ಚೀಸಿನೊಳಗಿನ ಉಪ್ಪು

ಜನವರಿ 20, ಸೋಮವಾರ

ದಿನಾ ಬರೆದಿಡಿ ಎಂದು ಚಾಮರಾಜನಗರದ ಆಸ್ಪತ್ರೆಯ ಡಾಕ್ಟರಮ್ಮ ಹೇಳಿದ್ದಾರೆ. ಅದಕ್ಕೇ ಈ ಬರವಣಿಗೆ, ಇಲ್ಲದಿದ್ದರೆ ನನಗೆ ಇಂಥ ಹುಚ್ಚು ಇಲ್ಲ. ಬೆಳಿಗ್ಗೆ ಎದ್ದು ಲವಂಗ, ನಿಂಬೆಸಿಪ್ಪೆ, ಕಾಫಿಪುಡಿ, ಬೆಳ್ಳುಳ್ಳಿ ಒಂದೊಂದನ್ನೇ ಮೂಗಿನ ಹತ್ತಿರ ಹಿಡಿದು, ಕಣ್ಣು ಮುಚ್ಚಿ, ಅದರ ವಾಸನೆ ಹೇಗಿತ್ತು ಎಂದು ನೆನಪು ಮಾಡಿಕೊಳ್ಳಬೇಕಂತೆ. ಹಾಗೆ ದಿನವೂ ಕರೆಯುತ್ತಿದ್ದರೆ ಮೂಗು ಒಂದು ದಿನ ಓಗೊಡುತ್ತದಂತೆ.

ಲವಂಗ ಇಲ್ಲ. ನಿಂಬೆ ಇಲ್ಲ. ಕಾಫಿ ಇಲ್ಲ. ಬೆಳ್ಳುಳ್ಳಿ ಇಲ್ಲ.

ಸಂಕ್ರಾಂತಿಗೆ ಮುಂಚೆ ಬಂದ ಜ್ವರ ಹೋಗುವಾಗ ನನ್ನ ಮೂಗನ್ನೂ ನಾಲಿಗೆಯನ್ನೂ ಎರಡನ್ನೂ ಹೊತ್ತುಕೊಂಡು ಹೋಯಿತು. ಅನ್ನವೂ ಒಂದೇ, ಒಣಹುಲ್ಲೂ ಒಂದೇ. "ವಾಪಸ್ ಬತ್ತದಾ ಮೇಡಂ?" ಎಂದು ಕೇಳಿದೆ. "ಸುಮಾರು ಜನಕ್ಕೆ ಬರುತ್ತೆ. ತಿಂಗಳುಗಟ್ಟಲೆ ಹಿಡಿಯಬಹುದು. ಕೆಲವರಿಗೆ ಪೂರ್ತಿ ಬರೋದಿಲ್ಲ" ಎಂದು ಸಮಾಧಾನವಾಗಿ ಹೇಳಿ, ಏನು ಕೆಲಸ ಮಾಡುತ್ತೀರಿ ಎಂದು ಕೇಳಿದರು. ಮನೆಯಲ್ಲೇ ಇದ್ದೇನೆ ಎಂದುಬಿಟ್ಟೆ.

ಗುಂಡ್ಲುಪೇಟೆಯ ಹೆಣ್ಣುಮಕ್ಕಳ ಹಾಸ್ಟೆಲಿನಲ್ಲಿ ನಾನೇ ದೊಡ್ಡ ಅಡುಗೆಯವಳು ಎನ್ನಲು ಬಾಯಿ ಬರಲಿಲ್ಲ. ಮೂಗಿಲ್ಲದವಳನ್ನು ಒಲೆಯ ಮುಂದೆ ಯಾರು ಇಟ್ಟುಕೊಳ್ಳುತ್ತಾರೆ? ವಾರ್ಡನ್ ಮೇಡಂಗೆ ಗೊತ್ತಾದರೆ ನನ್ನ ಸೌಟು ಅವತ್ತೇ ಬೇರೆಯವರ ಕೈಗೆ ಹೋಗುತ್ತದೆ. ನನಗೆ ಭಯವಾಗಿದೆ. ಇಲ್ಲಿ ಬರೆದರೆ ಯಾರೂ ಓದುವುದಿಲ್ಲವಲ್ಲ, ಅದಕ್ಕೆ ಬರೆದೆ.

ಜನವರಿ 22, ಬುಧವಾರ

ನಾಲ್ಕೂ ಇಲ್ಲ.

ಉಳಿದ ಅಡುಗೆಯವರಾದರೆ ಅಂಗೈಗೆ ಒಂದು ತೊಟ್ಟು ಹಾಕಿಕೊಂಡು ನೆಕ್ಕಿ ನೋಡುತ್ತಾರೆ. ನಾನು ಹಾಗಲ್ಲ. ಭೀಮನಬೀಡಿಗೆ ಸೊಸೆಯಾಗಿ ಬಂದ ವರ್ಷವೇ ನಮ್ಮತ್ತೆ ಚಿಕ್ಕನಿಂಗಮ್ಮ ನನ್ನನ್ನು ಮಾದಪ್ಪನ ಪರದ ಅಡುಗೆಗೆ ಹಚ್ಚಿದ್ದರು. ಹರಕೆ ತೀರಿಸಲು ಊರಿಗೆಲ್ಲ ಹಾಕುವ ಊಟ ಅದು. ದೇವರಿಗೆ ಎಡೆ ಇಡುವ ತನಕ ಒಂದು ಅಗುಳನ್ನೂ ಯಾರೂ ಬಾಯಿಗೆ ಹಾಕುವಂತಿಲ್ಲ, ಹಾಕಿದರೆ ಎಂಜಲು. ಉಪ್ಪು ಎಷ್ಟಿದೆ, ಹುಳಿ ಎಷ್ಟಿದೆ ಎಲ್ಲವನ್ನೂ ಆವಿಯ ಮೇಲೇ ತಿಳಿಯಬೇಕು. "ದೇವ್ರು ಮೂಗ ಯಾತಕ್ಕ ಮಡಗವ್ನೆ ಕಣಮ್ಮಿ?" ಎನ್ನುತ್ತಿದ್ದರು ಅತ್ತೆ. ಹಾಗೇ ಕಲಿತೆ. ಹಾಸ್ಟೆಲಿಗೆ ಬಂದ ಮೇಲೂ ಅಡುಗೆಮನೆಯ ಗೋಡೆಗೆ ಮಾದಪ್ಪನ ಪಟ ಹಾಕಿ, ಮೊದಲ ಸೌಟು ಅವನ ಮುಂದಿಟ್ಟೇ ಬಡಿಸುತ್ತೇನೆ. ಚಾಮುಂಡಮ್ಮ ಮೂಗಲ್ಲೇ ಉಪ್ಪು ಹಾಕ್ತಾಳೆ ಎಂದು ಮೇಷ್ಟ್ರುಗಳೆಲ್ಲ ಹೇಳುವಾಗ ನನಗೂ ಸ್ವಲ್ಪ ಜಂಬ ಬರುತ್ತಿತ್ತು, ಯಾಕೆ ಸುಳ್ಳು ಹೇಳಲಿ.

ಈಗ ಕೈಯ ಅಂದಾಜಿನ ಮೇಲೆ ಉಪ್ಪು ಹಾಕುತ್ತಿದ್ದೇನೆ. ಇಷ್ಟು ವರ್ಷದ ಕೈ, ಅದು ಮೋಸ ಮಾಡಲಾರದು. ಮಕ್ಕಳು ಎಂದಿನಂತೆ ಉಂಡು ಹೋಗುತ್ತಿದ್ದಾರೆ.

ಜನವರಿ 25, ಶನಿವಾರ

ಇವತ್ತು ಹಾಲು ತಳ ಹಿಡಿಯಿತು. ನಾನು ಒಲೆಯ ಪಕ್ಕದಲ್ಲೇ ನಿಂತು ಬೀನ್ಸ್ ಆರಿಸುತ್ತಿದ್ದೆ. ಹೊಗೆ ಕಣ್ಣಿಗೆ ಬಿದ್ದ ಮೇಲೆ ತಿಳಿಯಿತು. ಅಷ್ಟರಲ್ಲಿ ಸಹಾಯಕಿ ಹುಡುಗಿ ಹಿತ್ತಲಿಂದ ಓಡಿಬಂದು ಒಲೆ ಆರಿಸಿದ್ದಳು.

"ಎಲ್ಲಕ್ಕ ಗ್ಯಾನ? ಸೀದ ವಾಸನೆ ಗೇಟ್‌ಗಂಟ ಓಗ್ಯದೆ."

"ನೋಡ್ತಾನೇ ಇದ್ದೆ. ನಿನ್ ಕೆಲ್ಸ ನೀನು ನೋಡ್ಕೊ ಓಗು" ಎಂದೆ.

ವನಿತಾ ಅಂತ ಹೆಸರು. ಚಾಮರಾಜನಗರದ ಹತ್ತಿರ ಹರದನಹಳ್ಳಿಯವಳು, ಹೋದ ಜೂನಿನಲ್ಲಿ ಕೆಲಸಕ್ಕೆ ಸೇರಿದಳು. ಬಂದ ದಿನವೇ ಕುದಿಯುವ ಸಾರಿಗೆ ಬೆರಳದ್ದಿ ಬಾಯಿಗಿಟ್ಟುಕೊಂಡಿದ್ದಳು. ಆಗ ನಾನು ಕೂಗಿದ ಕೂಗಿಗೆ ಊಟದ ಕೋಣೆಯಿಂದ ಮಕ್ಕಳೆಲ್ಲ ಎದ್ದು ಬಂದಿದ್ದರು. ಅವತ್ತಿನಿಂದ ಅವಳಿಗೆ ಹೆಚ್ಚುವುದು, ತೊಳೆಯುವುದು ಅಷ್ಟೇ. ಅದರಲ್ಲೂ ಸೋಮಾರಿತನ. ಬೇಯಿಸಿದ ಬೇಳೆಯ ಕಟ್ಟನ್ನು ಪೂರ್ತಿ ಸಾರಿಗೆ ಸುರಿಯುವುದಿಲ್ಲ, ಒಂದು ಪಾತ್ರೆಯಲ್ಲಿ ಪಕ್ಕಕ್ಕೆ ಉಳಿಸಿಡುತ್ತಾಳೆ. ಎರಡು ಸಲ ಹೇಳಿದೆ, ತಲೆಯಾಡಿಸಿ ಮತ್ತೆ ಅದನ್ನೇ ಮಾಡುತ್ತಾಳೆ.

ಫೆಬ್ರವರಿ 2, ಭಾನುವಾರ

ಭೀಮನಬೀಡಿಗೆ ಹೋಗಿದ್ದೆ. ನಮ್ಮವರು ಅರಿಸಿನ ಕೀಳಿಸುತ್ತಿದ್ದಾರೆ, ಆಳುಗಳಿಗೂ ಸೇರಿಸಿ ನಾನೇ ಹುರುಳಿಕಾಳು ಸಾರು, ಮುದ್ದೆ ಮಾಡಿದೆ. ನಮ್ಮವರಿಗೆ ಈಚೆಗೆ ಮಜ್ಜಿಗೆಯ ಮೇಲೆ ಆಸೆ ಜಾಸ್ತಿಯಾಗಿದೆ. ಊಟದ ನಡುವೆ ಎರಡೆರಡು ಸಲ ಕೇಳಿ ಹಾಕಿಸಿಕೊಂಡರು. ಬಿಸಿಲು ಈಗಲೇ ಶುರುವಾಗಿದೆ, ಪಾಪ.

ಬೆಳ್ಳುಳ್ಳಿ ಬಂದ ಹಾಗಾಯಿತು. ಇಲ್ಲ, ಬರಲಿಲ್ಲ.

ಫೆಬ್ರವರಿ 6, ಗುರುವಾರ

ಹತ್ತನೇ ತರಗತಿ ಹುಡುಗಿಯರು ಗುಂಪು ಕಟ್ಟಿಕೊಂಡು ಅಡುಗೆಮನೆಗೆ ಬಂದರು. ಪರೀಕ್ಷೆಗೆ ಮುಂಚೆ ಅವರ ಬೀಳ್ಕೊಡುಗೆ ದಿನ ಅವರು ಕೇಳಿದ ಒಂದು ತಿಂಡಿ ಮಾಡಿಕೊಡುವುದು ನಾನು ಹಾಕಿಕೊಟ್ಟ ಪದ್ಧತಿ. ಹೋದ ವರ್ಷ ಗೋಬಿ ಮಂಚೂರಿ, ಅದರ ಹಿಂದಿನ ವರ್ಷ ತುಪ್ಪದನ್ನ. ಈ ಸಲ ವಾರ್ಡನ್ ಮೇಡಂ ಫೋನನ್ನೇ ಇಸ್ಕೊಂಡು ಬಂದಿದ್ದರು. ಪ್ರಿಯಾಂಕ ಮುಂದೆ ಬಂದು ನನ್ನ ಮುಖಕ್ಕೆ ಹಿಡಿದಳು.

"ದೊಡ್ಡವ್ವ, ಇದ ಮಾಡ್ಕೊಡಿ. ಚೀಸ್ ಆಲೂಗಡ್ಡೆ. ಬಾಯ್ಗಿಟ್ರೆ ಎಳೆಎಳೆಯಾಗಿ ಬತ್ತದಂತೆ."

ನೋಡಿದೆ. ಬೇಯಿಸಿದ ಆಲೂಗಡ್ಡೆಯನ್ನು ಬಿಲ್ಲೆ ಮಾಡಿ ತಟ್ಟೆಯಲ್ಲಿ ಜೋಡಿಸಿ, ಮೈದಾ, ಬೆಣ್ಣೆ, ಹಾಲು ಸೇರಿಸಿದ ಒಂದು ಬಿಳಿ ಗೊಜ್ಜು ಸುರಿದು, ಮೇಲೆ ಚೀಸ್ ತುರಿದು, ಡಬ್ಬಿಯಂಥ ಒಲೆಯೊಳಕ್ಕೆ ತಳ್ಳುತ್ತಾರೆ. ಮೇಲೆಲ್ಲ ಕೆಂಪಗಾಗಿ ಗುಳ್ಳೆ ಏಳುತ್ತದೆ. ಈ ಮಕ್ಕಳು ಹುಟ್ಟಿದಾರಭ್ಯ ಅಂಥದ್ದು ತಿಂದಿಲ್ಲ. ತಂದೆತಾಯಂದಿರು, ಮೇಷ್ಟ್ರುಗಳು ಸೇರಿದರೆ ನೂರೈವತ್ತು ಜನ ಆಗುತ್ತಾರೆ.

ಆಗುವುದಿಲ್ಲ ಎನ್ನಬೇಕಿತ್ತು. "ಮಾಡ್ಕೊಡ್ತೀನಿ ಕಣ್ರಮ್ಮಿ, ಓಗಿ ಓದ್ಕೊಳಿ" ಎಂದೆ. ಬಾಯಿ ಅಷ್ಟು ಸಲೀಸಾಗಿ ಯಾಕೆ ಆಡಿತೋ. ಆ ಸಹಾಯಕಿ ಹುಡುಗಿ ಈರುಳ್ಳಿ ಹೆಚ್ಚುತ್ತ ಕುಳಿತವಳು ತಲೆಯೆತ್ತಿ ನನ್ನನ್ನೇ ನೋಡಿದಳು.

ಫೆಬ್ರವರಿ 10, ಸೋಮವಾರ

ಒಲೆ ಸಿಕ್ಕಿತು. ಊಟಿ ರಸ್ತೆಯ ಬೇಕರಿ ಶಿವರಾಮು ಹರೆಯದಲ್ಲಿ ಕೇರಳದ ಬತ್ತೇರಿಯ ಬೇಕರಿಯೊಂದರಲ್ಲಿ ಕೆಲಸ ಕಲಿತು ಬಂದವನು. ಅವನ ಹತ್ತಿರ ಸೌದೆ ಉರಿಸುವ ಇಟ್ಟಿಗೆ ಒಲೆ ಇದೆ, ಒಂದು ಸಣ್ಣ ಕೋಣೆಯಷ್ಟು ದೊಡ್ಡದು. ಹೋಗಿ ಕೇಳಿದೆ.

"ಮದ್ಯಾನ ಬನ್ ತೆಗೆದ್ಮೇಲೆ ಒಲೆ ಸುಮ್ನೆ ಕಾಯ್ತಾ ಕೂತಿರ್ತದೆ ಚೇಚಿ. ಟ್ರೇ ನಾನೇ ಕೊಡ್ತೀನಿ, ತುಂಬ್ಕೊಂಡು ಬನ್ನಿ." ಅವನು ಎಲ್ಲ ಹೆಂಗಸರಿಗೂ ಚೇಚಿ ಎನ್ನುತ್ತಾನೆ, ಮಲಯಾಳದ ಅಕ್ಕ. "ಮೇಲೆ ರಸ್ಕ್ ಪುಡಿ ಉದುರ್ಸಿ. ಗರಿಗರಿ ಆಯ್ತದೆ."

ಎಷ್ಟು ಕೊಡಬೇಕು ಎಂದಾಗ ಕೈ ಮುಗಿದುಬಿಟ್ಟ. ಅವನ ತಂಗಿ ಇದೇ ಹಾಸ್ಟೆಲಿನಲ್ಲಿ ಓದಿ ಈಗ ನರ್ಸ್ ಆಗಿದ್ದಾಳಂತೆ, ನಾನು ಮಾಡುತ್ತಿದ್ದ ಬಸ್ಸಾರನ್ನು ಇವತ್ತಿಗೂ ನೆನೆಯುತ್ತಾಳಂತೆ. ಆ ಹುಡುಗಿಯ ಮುಖ ಕೂಡ ನನಗೆ ನೆನಪಿಗೆ ಬರಲಿಲ್ಲ. ಬಡಿಸಿದವಳು ಮರೆತಿದ್ದಾಳೆ, ಉಂಡವಳು ಮರೆತಿಲ್ಲ. ದಾರಿಯುದ್ದಕ್ಕೂ ಅದನ್ನೇ ಯೋಚಿಸಿಕೊಂಡು ಬಂದೆ, ಕಣ್ಣು ತುಂಬಿತು.

ಚೀಸನ್ನು ಊಟಿಯಿಂದ ಶಿವರಾಮುವಿನ ಅಂಗಡಿಗೆ ಸಾಮಾನು ತರುವ ಲೈನ್ ಗಾಡಿಯವನೇ ತಂದುಕೊಡುತ್ತಾನೆ. ಶಿವರಾಮು ಒಂದು ತುಂಡನ್ನು ಮೊದಲೇ ಕೊಟ್ಟ. ಕೈಯಲ್ಲಿ ಹಿಡಿದರೆ ಬಟ್ಟೆ ಸೋಪಿನ ಹಾಗಿದೆ. ಹಾಲಿನದು ತಾನೇ, ಗಟ್ಟಿಯಾದ ಗಿಣ್ಣು ಅಂದುಕೊಂಡರಾಯಿತು.

ಫೆಬ್ರವರಿ 15, ಶನಿವಾರ

ಒಂದು ಟ್ರೇ ಮಾಡಿ ನೋಡಿದ್ದಾಯಿತು. ಗೆದ್ದೆ ಅನ್ನಿಸುತ್ತಿದೆ.

ಆಲೂಗಡ್ಡೆಯನ್ನು ಪಲ್ಯಕ್ಕೆ ಹಾಕುವಷ್ಟೇ ಉಪ್ಪು ಹಾಕಿ ಬೇಯಿಸಿದೆ. ಬಿಳಿ ಗೊಜ್ಜು ಗಂಟಾಗದಂತೆ ತಿರುವುವುದರಲ್ಲಿ ತೋಳು ಬಿದ್ದುಹೋಯಿತು, ಅದಕ್ಕೂ ಕೈಯಳತೆಯ ಉಪ್ಪು, ಮೆಣಸಿನ ಪುಡಿ. ಪಟದ ಮುಂದೆ ಇಟ್ಟು ಆಮೇಲೆ ಬೇಕರಿಗೆ ಕಳಿಸೋಣವೆಂದರೆ ಹಸಿಯದ್ದನ್ನು ಎಡೆ ಇಡುವುದು ಹೇಗೆ, ಬೆಂದು ಬಂದ ಮೇಲೆ ಇಟ್ಟೆ. ಒಲೆಯಿಂದ ತೆಗೆದಾಗ ನೋಡಬೇಕಿತ್ತು, ಹೊನ್ನಿನ ಬಣ್ಣ. ವಾಸನೆ ಘಮ್ ಅಂತಿದೆ ಎಂದು ಬೇಕರಿಯ ಮುಂದೆ ನಿಂತವರೆಲ್ಲ ಹೇಳಿದರು. ಹೌದೌದು ಎಂದೆ.

ವಾರ್ಡನ್ ಮೇಡಂ, ಕನ್ನಡ ಮೇಷ್ಟ್ರು ಶಿವಸ್ವಾಮಿ, ಬೇಕರಿ ಶಿವರಾಮು ಮೂವರೂ ತಿಂದು ಚೆನ್ನಾಗಿದೆ ಎಂದರು. ಮೇಷ್ಟ್ರಿಗೆ ಏನೋ ಕೆಲಸ ನೆನಪಾಗಿ ತಟ್ಟೆ ಇಟ್ಟು ಎದ್ದರು. ಶಿವರಾಮು ಎರಡು ಚೊಂಬು ನೀರು ಕುಡಿದ, ದಿನವಿಡೀ ಬೆಂಕಿಯ ಮುಂದೆ ನಿಲ್ಲುವವನಿಗೆ ಬಾಯಾರಿಕೆ ಸಹಜ. ಮೇಡಂ ಉಳಿದದ್ದನ್ನು ಮನೆಗೆಂದು ಡಬ್ಬಿಗೆ ಹಾಕಿಸಿಕೊಂಡರು. ಅಷ್ಟು ಹಿಡಿಸಿದೆ.

ಆ ಸಹಾಯಕಿ ಹುಡುಗಿ ಮಾತ್ರ ಒಂದು ತುತ್ತು ಬಾಯಿಗಿಟ್ಟು, ನನ್ನ ಮುಖ ನೋಡಿ, ಹಿತ್ತಲಿಗೆ ಹೋದಳು. ಹೊಟ್ಟೆಕಿಚ್ಚು ಇರಬೇಕು.

ಫೆಬ್ರವರಿ 17, ಸೋಮವಾರ

ಅಕ್ಷರ ನೆಟ್ಟಗೆ ಬರುತ್ತಿಲ್ಲ.

ಮಧ್ಯಾಹ್ನ ಪಾತ್ರೆ ತೊಳೆಯುತ್ತಿದ್ದವಳು ನೊರೆಕೈಯಲ್ಲೇ ಎದ್ದು ಬಂದಳು. "ಅಕ್ಕ, ಒಂದ್ ಮಾತು. ಬೈಬ್ಯಾಡಿ."

"ಏನು?"

"ಮೊನ್ನೆ ಆಲೂಗಡ್ಡೆ ಉಪ್ಪುಪ್ಪು. ಬಾಯ್ಗಿಡಕಾಯ್ತಿರ್ಲಿಲ್ಲ. ಆ ಚೀಸೊಳಗೇ ಉಪ್ಪು ಅದೆ ಅಕ್ಕ, ತಿಂದು ನೋಡ್ದೆ. ನೀವು ಗೆಡ್ಡೆಗೂ ಹಾಕಿ, ಗೊಜ್ಜುಗೂ ಹಾಕ್ಬುಟ್ರಿ. ಅವರೆಲ್ಲ ನಿಮ್ಮ ಮೊಕ ನೋಡಿ ಸುಮ್ಕಾದ್ರು."

ಅವಳೇ ಮತ್ತೆ, ತಲೆ ತಗ್ಗಿಸಿ, "ನಿಮಗೆ ವಾಸ್ನೆ ಬರಾಕಿಲ್ಲ ಅಂತ ಹಾಲು ಸೀದ ದಿನ ಖಾತ್ರಿ ಆಯ್ತು. ಅದ್ಕೂ ಮುಂಚಿಂದ ಸಾರ್ಗೆ ಒಂದಿನ ಉಪ್ಪು ಮುಂದು, ಒಂದಿನ ಹಿಂದು. ನಾನೇ ಸರಿ ಮಾಡ್ತಿದ್ದೆ. ಜಾಸ್ತಿಯಾದ್ರೆ ಎತ್ತಿಟ್ಟ ಬೇಳೆ ಕಟ್ಟು ಉಯ್ತಿದ್ದೆ" ಎಂದಳು.

ನನಗೆ ಮೈಯೆಲ್ಲ ಉರಿಯಿತು. "ನನ್ ಬೆನ್ನಿಂದೆ ದೇವರಡುಗೇನ ಎಂಜಲು ಮಾಡ್ದ್ಯಾ? ಎಡೆ ಇಡೋಕೆ ಮುಂಚೆ ಬಾಯ್ಗಿಟ್ಯಾ?"

"ಇಲ್ಲ ಕಣಕ್ಕ. ಎಡೆ ಇಟ್ಟು ನೀವು ಕಣ್ಮುಚ್ಚಿ ನಿಂತ್ಕತ್ತೀರಲ್ಲ, ಆಗ ನೋಡ್ತಿದ್ದೆ. ಮಾದಪ್ಪಂದು ಆದ್ಮೇಲೇಯ. ನೀವು ಕಣ್ಬುಡೋದ್ರೊಳಗ ಸರಿ ಮಾಡ್ಬುಡ್ತಿದ್ದೆ."

ಅವಳನ್ನು ಅಲ್ಲೇ ಬಿಟ್ಟು ನನ್ನ ಬಾಡಿಗೆ ಕೋಣೆಗೆ ಬಂದುಬಿಟ್ಟೆ. ಸಂಜೆಯ ಉಪ್ಪಿಟ್ಟನ್ನು ಅವಳೇ ಮಾಡಿರಬೇಕು.

ಫೆಬ್ರವರಿ 18, ಮಂಗಳವಾರ

ಅವಳ ಜೊತೆ ಮಾತಿಲ್ಲ ಕಥೆಯಿಲ್ಲ. ನಾಲ್ಕೂ ಇಲ್ಲ.

ಫೆಬ್ರವರಿ 19, ಬುಧವಾರ

ನಮ್ಮವರಿಗೆ ಫೋನ್ ಮಾಡಿದೆ. "ಅವತ್ತು ಹುರುಳಿ ಸಾರು ಎಂಗಿತ್ತು?"

ಅವರು ಮೊದಲು ಅರಿಸಿನದ ಮಾತು ತೆಗೆದರು. "ಉಪ್ಪು ವಸಿ ಮುಂದಾಗಿತ್ತು" ಎಂದರು ಕೊನೆಗೆ.

"ಮತ್ತೆ ಯಾಕೆ ಯೋಳ್ನಿಲ್ಲ?"

"ಜ್ವರ ಬಂದೆದ್ದೋಳು, ಬಸ್ ಹತ್ಕಂಡು ಬಂದು ಅಷ್ಟು ಜನಕ್ಕ ಮಾಡಿದ್ದೀಯ. ಎಂಗೂ ಮಜ್ಜಿಗೆ ಇತ್ತಲ್ಲ ಬುಡು."

ಫೋನ್ ಇಟ್ಟು ಅತ್ತೆ. ಅಳುವಿನ ನಡುವೆ ನಗುವೂ ಬಂತು. ನಂಜಯ್ಯನಂಥ ಗಂಡನನ್ನು ಕೊಟ್ಟಿದ್ದಕ್ಕೆ ನಮ್ಮಪ್ಪನಿಗೆ ನಾನು ಒಂದು ದಿನವೂ ಒಳ್ಳೆಯ ಮಾತು ಹೇಳಿರಲಿಲ್ಲ.

ವನಿತಾಳ ಮೇಲಿನ ಕೋಪ ಹುಡುಕಿದರೂ ಸಿಗುತ್ತಿಲ್ಲ. ಅವಳೇನು ಮಾಡಬಹುದಿತ್ತು ಎಂದು ಯೋಚಿಸಿದೆ. ವಾರ್ಡನ್ ಹತ್ತಿರ ಹೋಗಿ ಒಂದು ಮಾತು ಅಂದಿದ್ದರೆ ಸೌಟು ಅವಳದ್ದಾಗುತ್ತಿತ್ತು. ಬೇಳೆ ಕಟ್ಟು ಎತ್ತಿಡುವಾಗ ನನ್ನಿಂದ ಬೈಸಿಕೊಂಡು ಸುಮ್ಮನಿದ್ದಳು.

ಫೆಬ್ರವರಿ 22, ಶನಿವಾರ

ಆಸ್ಪತ್ರೆಗೆ ಹೋಗಿಬಂದೆ. ವನಿತಾ ತನ್ನೂರು ಹರದನಹಳ್ಳಿಗೆ ಹೋಗುವವಳಿದ್ದಳು, ಚಾಮರಾಜನಗರದ ತನಕ ಒಂದೇ ಬಸ್ಸು. ನಾನೇ ಪಕ್ಕದಲ್ಲಿ ಜಾಗ ಹಿಡಿದು ಕರೆದೆ. ತೆರಕಣಾಂಬಿ ದಾಟುವ ತನಕ ಇಬ್ಬರೂ ಕಿಟಕಿಯ ಆಚೆ ನೋಡುತ್ತಿದ್ದೆವು.

"ಯಾಕಮ್ಮಿ ಯಾರ್ಗೂ ಯೋಳ್ನಿಲ್ಲ?" ಎಂದು ಕೇಳಿದೆ.

ಅವಳು ಸೆರಗಿನ ತುದಿ ಸುತ್ತುತ್ತ ಕುಳಿತಳು. "ನಿಮ್ಮ ಸಾರ್ನ ಮಕ್ಕಳು ಚೆಂದಾಗಿಲ್ಲ ಅನ್ನೋದ ಕೇಳಾಕ ನನಗ ಆಗದು ಕಣಕ್ಕ. ನೀವು ಸೌಟು ಮುಟ್ಟಾಕ ಬುಡ್ನಿಲ್ಲ, ಆದ್ರ ದಿನಾ ಉಂಡಿವ್ನಲ್ಲ. ನಿಮ್ಮ ಸಾರ್ನ ರುಚಿ ನನ್ ನಾಲಿಗೇಲದೆ. ಅಲ್ಲಿಗ ಬರೋಗಂಟ ಸರಿ ಮಾಡ್ತಿದ್ದೆ, ಅಷ್ಟೇಯ."

ನನ್ನ ಸಾರಿನ ರುಚಿ ನನಗೇ ಮರೆತುಹೋಗುತ್ತಿದೆ. ಅದು ಅವಳ ನಾಲಿಗೆಯಲ್ಲಿ ಜೋಪಾನವಾಗಿದೆಯಂತೆ. ಅವಳ ಕೈ ಹಿಡಿದುಕೊಂಡೆ. ಪಾತ್ರೆ ತೊಳೆದೂ ತೊಳೆದೂ ಒರಟಾದ ಕೈ. ಬಸ್ಸು ನಿಂತಲ್ಲಿ ಕಡಲೆಕಾಯಿ ಕೊಡಿಸಿದೆ.

ಡಾಕ್ಟರಮ್ಮನಿಗೆ ನಿಜ ಹೇಳಿದೆ, ಅಡುಗೆಯವಳು ಎಂದು. ಅವರು ಬರೆಯುವುದನ್ನು ನಿಲ್ಲಿಸಿ ನನ್ನ ಕಡೆ ನೋಡಿ, "ಕಷ್ಟ ಅಲ್ವಾ?" ಎಂದರು. ಹೌದು ಎಂದೆ. ಅವರು ಹಾಗೆ ಕೇಳಿದ್ದಕ್ಕೇ ಅರ್ಧ ಕಷ್ಟ ಇಳಿದ ಹಾಗಾಯಿತು.

ಫೆಬ್ರವರಿ 26, ಬುಧವಾರ, ಶಿವರಾತ್ರಿ

ಉಪವಾಸ. ಅಡುಗೆಯ ಗಲಾಟೆ ಕಡಿಮೆ, ಪಟದ ಮುಂದೆ ಸುಮಾರು ಹೊತ್ತು ಕುಳಿತಿದ್ದೆ.

ಲೆಕ್ಕ ಹಾಕಿ ನೋಡಿದೆ, ಬೇರೆ ದಾರಿ ಇಲ್ಲ. ಸಾರಾದರೆ ಎಡೆ ಇಟ್ಟ ಮೇಲೂ ತಿದ್ದಬಹುದು, ಬೇಳೆ ಕಟ್ಟು ಸುರಿಯಬಹುದು. ಈ ಆಲೂಗಡ್ಡೆಯದು ಹಾಗಲ್ಲ. ಒಲೆಯೊಳಗೆ ಹೋಗಿ ಬಂದ ಮೇಲೆ ಉಪ್ಪು ಹೆಚ್ಚಿದ್ದರೆ ಹೆಚ್ಚೇ, ಕಡಿಮೆಯಿದ್ದರೆ ಕಡಿಮೆಯೇ. ಹಸಿ ಇರುವಾಗಲೇ ಯಾರಾದರೂ ತಿಂದು ನೋಡಬೇಕು. ಅಂದರೆ ದೇವರಿಗಿಂತ ಮೊದಲು ತಿನ್ನಬೇಕು. ನಮ್ಮತ್ತೆ ಬದುಕಿದ್ದರೆ ನನ್ನನ್ನು ಒಲೆಯ ಹತ್ತಿರ ಸೇರಿಸುತ್ತಿರಲಿಲ್ಲ.

ಎಡೆಯನ್ನೇ ಇಡದೆ ಬಡಿಸಿಬಿಡೋಣ ಎಂದೂ ಯೋಚನೆ ಬಂತು. ಅದಕ್ಕೆ ಮನಸ್ಸು ಒಪ್ಪಲಿಲ್ಲ. ಆ ಮಕ್ಕಳ ಊಟ ಮಾದಪ್ಪನನ್ನು ಬಿಟ್ಟು ಆಗುವುದು ಬೇಡ. ಅಪ್ಪಾ, ನೀನೇ ಏನಾದರೂ ಹೇಳು ಎಂದು ಕೇಳಿದೆ. ಅವನು ಹುಲಿಯ ಮೇಲೆ ಕುಳಿತು ಎಂದಿನಂತೆ ನೋಡುತ್ತಿದ್ದ.

ಮಾರ್ಚ್ 1, ಶನಿವಾರ

ಇವತ್ತು ಬೀಳ್ಕೊಡುಗೆ ಮುಗಿಯಿತು. ಕಾಲು ಬಿದ್ದುಹೋಗಿದೆ, ಆದರೂ ಬರೆಯದೆ ಮಲಗಲಾರೆ.

ಬೆಳಿಗ್ಗೆಯೇ ಅರ್ಧ ಮೂಟೆಗೂ ಮೇಲೆ ಆಲೂಗಡ್ಡೆ ಕೊಪ್ಪರಿಗೆಗಳಲ್ಲಿ ಬೇಯಿಸಿ ಸುರಿದೆವು. ಎಂಟನೇ ತರಗತಿಯ ಮಕ್ಕಳು ಸುತ್ತ ಕುಳಿತು ಸಿಪ್ಪೆ ಸುಲಿದರು, ಬಿಸಿ ಬಿಸಿ ಎಂದು ಕೈ ಒದರುತ್ತ. ಒಂಬತ್ತನೆಯವರು ಚೀಸ್ ತುರಿದರು. ತುರಿದದ್ದಕ್ಕಿಂತ ತಿಂದದ್ದು ಹೆಚ್ಚಿರಬೇಕು, ನಾನು ನೋಡದ ಹಾಗಿದ್ದೆ. ವನಿತಾ ಬೆಣ್ಣೆಯಲ್ಲಿ ಮೈದಾ ಹುರಿದಳು, ನಾನು ಹಾಲು ಸುರಿಯುತ್ತ ಹೋದೆ, ಅವಳು ತಿರುವುತ್ತ ಹೋದಳು. ಮಾತಿಲ್ಲದೆ ಕೈಗೆ ಕೈ ಹೊಂದಿತು. ಒಂದು ಗಂಟೂ ಕಟ್ಟಲಿಲ್ಲ. ಉಪ್ಪು ಯಾವುದಕ್ಕೂ ಹಾಕಿರಲಿಲ್ಲ.

ಮೊದಲ ಟ್ರೇ ಜೋಡಿಸಿ ಆದ ಮೇಲೆ ಒಂದು ಚಮಚದಲ್ಲಿ ಗೆಡ್ಡೆ, ಗೊಜ್ಜು, ಚೀಸ್ ಮೂರೂ ಸೇರುವಂತೆ ತೆಗೆದು ಅವಳ ಮುಂದೆ ಹಿಡಿದೆ.

"ನೋಡು."

ಅವಳು ಹಿಂದಕ್ಕೆ ಸರಿದಳು. "ಎಡೆ ಆಗಿಲ್ವಲ್ಲಕ್ಕ."

"ನಾ ಯೋಳ್ತಾವ್ನಿ. ನೋಡು."

"ಬ್ಯಾಡಿ ಅಕ್ಕ. ನನ್ನಿಂದ ಆಮ್ಯಾಕೆ ಏನಾರ ಆದ್ರೆ."

"ಆದ್ರೆ ನನಗಾಗ್ಲಿ. ಎಡೆಗಿಂತ ಮೊದ್ಲು ಹಾಲಿಗೆ ಬಾಯಿ ಹಾಕ್ದ ಮಗೂಗೆ ಯಾವ ದೇವ್ರೂ ಬೈದಿಲ್ಲ. ತಿನ್ನು."

ತಿಂದಳು. ಕಣ್ಣು ಮುಚ್ಚಿಕೊಂಡು ಬಹಳ ನಿಧಾನವಾಗಿ ಅಗಿದಳು. ನಾನು ಅವಳ ಮುಖವನ್ನೇ ನೋಡುತ್ತಿದ್ದೆ, ಸುತ್ತಲಿನ ಮಕ್ಕಳ ಗದ್ದಲವೆಲ್ಲ ದೂರ ಹೋದ ಹಾಗಿತ್ತು.

"ಗೆಡ್ಡೆಗೆ ವಸಿ ಬೇಕು ಅಕ್ಕ, ಚಿಟಿಕೆ. ಗೊಜ್ಜುಗೆ ಬ್ಯಾಡ್ವೇ ಬ್ಯಾಡ, ಚೀಸೇ ನೋಡ್ಕತ್ತದೆ. ಮೆಣಸು ಇನ್ನೊಂದಷ್ಟು ಬುಡಿ."

ಉಪ್ಪಿನ ಡಬ್ಬಿಯನ್ನು ಅವಳ ಕೈಗೆ ಕೊಟ್ಟೆ. ಪ್ರತಿ ಟ್ರೇಗೂ ಅವಳೇ ಉದುರಿಸಿದಳು, ನಾನು ಹಿಂದಿನಿಂದ ರಸ್ಕ್ ಪುಡಿ ಉದುರಿಸುತ್ತ ಹೋದೆ. ಗೂಡ್ಸ್ ಆಟೋದಲ್ಲಿ ಟ್ರೇಗಳನ್ನು ಹೇರಿಸಿ, ಮೇಲೆ ಬಿಳಿ ಪಂಚೆ ಹೊದಿಸಿ ಬೇಕರಿಗೆ ಒಯ್ದೆವು. ಶಿವರಾಮು ಉದ್ದನೆಯ ಹಲಗೆಯಲ್ಲಿ ಒಂದೊಂದನ್ನೇ ಒಳಗೆ ತಳ್ಳಿದ. ಮೊದಲನೆಯದು ಹೊರಬಂದಾಗ ಮೂಲೆಯಿಂದ ಒಂದು ಚೂರು ಮುರಿಯಲು ಹೋದವನ ಕೈಗೆ ವನಿತಾ ಪಟ್ಟನೆ ಹೊಡೆದಳು. "ಎಡೆ ಆಗ್ಲಿ ಅಣ್ಣ." ನಾನು ನಕ್ಕುಬಿಟ್ಟೆ.

ಹಾಸ್ಟೆಲಿಗೆ ಬಂದು, ಅವಳು ತಿಂದು ನೋಡಿದ್ದ ಟ್ರೇಯಿಂದಲೇ ಒಂದು ತುಂಡು ತೆಗೆದು ಬಾಳೆಲೆಯ ಮೇಲೆ ಮಾದಪ್ಪನ ಮುಂದಿಟ್ಟೆ. ಬೇರೆ ಟ್ರೇ ಇತ್ತು. ಇದನ್ನೇ ಇಡಬೇಕೆನಿಸಿತು. ಇವತ್ತು ಕಣ್ಣು ಮುಚ್ಚಲಿಲ್ಲ. ಅಪ್ಪಾ, ಈ ಹುಡುಗಿಯ ನಾಲಿಗೆ ನನಗೆ ಕೊಟ್ಟೆಯಲ್ಲ, ಎಂಜಲು ಅಂದುಕೊಂಡರೆ ಅಂದುಕೋ ಎಂದೆ. ದೀಪ ಸುಮ್ಮನೆ ಉರಿಯುತ್ತಿತ್ತು.

ಮಕ್ಕಳು ತಿಂದದ್ದನ್ನು ಏನೆಂದು ಬರೆಯಲಿ. ಪ್ರಿಯಾಂಕ ಚಮಚ ಎತ್ತಿದರೆ ಚೀಸ್ ಹಗ್ಗದ ಹಾಗೆ ಮೇಲೇಳುತ್ತಿತ್ತು, ಪಕ್ಕದವಳು ಬೆರಳಲ್ಲಿ ಕತ್ತರಿಸಿ ಬಾಯಿಗೆ ಹಾಕಿಕೊಳ್ಳುತ್ತಿದ್ದಳು. ಪ್ರಿಯಾಂಕಳ ಅಪ್ಪ ಕೆಂಪಯ್ಯ ಸಂತೆಮರಹಳ್ಳಿಯಿಂದ ಕೂಲಿ ಬಿಟ್ಟು ಬಂದವನು, "ಇದ್ಯಾವ ಗೆಡ್ಡೆಯವ್ವ, ನಮ್ಮೂರ್ ಗೆಡ್ಡೇನೇಯ?" ಎಂದು ಎರಡನೇ ಸಲ ತಟ್ಟೆ ಹಿಡಿದ. ಯಾರೂ ನೀರಿಗೆ ಕೈ ಚಾಚಲಿಲ್ಲ. ನಾನು ಅದನ್ನೇ ಎಣಿಸುವಂತೆ ನೋಡುತ್ತ ನಿಂತಿದ್ದೆ.

ಕೊನೆಯಲ್ಲಿ ವಾರ್ಡನ್ ಮೇಡಂ ಎಲ್ಲರೆದುರು, ರುಚಿ ನೋಡದೆ ಮೂಗಿನಲ್ಲೇ ಉಪ್ಪು ಹಾಕುವ ನಮ್ಮ ಚಾಮುಂಡಮ್ಮ ಎಂದು ಹೊಗಳಿ ಶಾಲು ಹೊದಿಸಲು ಬಂದರು. ವನಿತಾ ಬಾಗಿಲ ಹತ್ತಿರ ನಿಂತು ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟುತ್ತಿದ್ದಳು. ಅದನ್ನು ನನ್ನಿಂದ ತಡೆಯಲಾಗಲಿಲ್ಲ. ಶಾಲು ಹೆಗಲ ಮೇಲೆ ಬೀಳುವ ಮುಂಚೆಯೇ ಮೇಡಂ ಕೈ ಹಿಡಿದು ಅಡುಗೆಮನೆಗೆ ಕರೆದೊಯ್ದೆ, ಎಲ್ಲವನ್ನೂ ಹೇಳಿದೆ. ಜ್ವರ, ಮೂಗು, ನಾಲಿಗೆ, ಬೇಳೆ ಕಟ್ಟು.

ಮೇಡಂ ಶಾಲು ಮಡಚುತ್ತ ಎಲ್ಲ ಕೇಳಿಸಿಕೊಂಡರು. ಆಮೇಲೆ, "ಅವತ್ತು ಡಬ್ಬಿಗೆ ಹಾಕ್ಕೊಂಡು ಹೋದೆನಲ್ಲ ಚಾಮುಂಡಮ್ಮ, ಮೂರು ದಿನ ಮೊಸರನ್ನಕ್ಕೆ ಉಪ್ಪಿನಕಾಯಿ ಬದಲು ನೆಂಚಿಕೊಂಡೆ" ಎಂದರು. ಇಬ್ಬರೂ ನಕ್ಕೆವು. ಅವರ ಕಣ್ಣಲ್ಲೂ ನೀರಿತ್ತು.

"ಈಗ ನಾನೇನು ಮಾಡಲಿ ಹೇಳಿ" ಎಂದರು.

"ಸೌಟು ವನಿತಂಗೆ ಕೊಡಿ ಮೇಡಂ. ನಾನು ಈರುಳ್ಳಿ ಹೆಚ್ತೀನಿ, ಹದ ಯೋಳ್ಕೊಡ್ತೀನಿ. ನನ್ನ ಕಳುಸ್ಬ್ಯಾಡಿ."

"ಕಳಿಸೋ ಮಾತು ಯಾರು ಆಡಿದ್ರು?" ಎಂದು ಶಾಲನ್ನು ನನ್ನ ಕೈಗೇ ಕೊಟ್ಟು, "ಇದನ್ನ ಯಾರಿಗೆ ಹೊದಿಸ್ಬೇಕೋ ನೀವೇ ಹೊದಿಸಿ" ಎಂದರು.

ಹೊದಿಸಿದೆ. ವನಿತಾಳ ಆ ಪಾತ್ರೆ ಮಸಿಯ ಸೀರೆಯ ಮೇಲೆ.

ಮಾರ್ಚ್ 3, ಸೋಮವಾರ

ಇವತ್ತು ಅವಳ ಮೊದಲ ಸಾರು. ಅವರೆಕಾಳು. ನಾನು ಈರುಳ್ಳಿ ಹೆಚ್ಚಿಕೊಟ್ಟು, ತೆಂಗಿನಕಾಯಿ ತುರಿದುಕೊಟ್ಟು, ಮಣೆ ಹಾಕಿಕೊಂಡು ಕುಳಿತೆ. ಖಾರ ಯಾವಾಗ ಹಾಕಬೇಕು ಎಂದು ಮಾತ್ರ ಒಂದು ಸಲ ಕೇಳಿದಳು. ಉಪ್ಪು ಹಾಕುವಾಗ ನನ್ನ ಕಡೆ ನೋಡಿದಳು, ನಾನು ಬೇರೆ ಕಡೆ ನೋಡಿದೆ. ಎಡೆ ಇಟ್ಟೆವು, ಇಬ್ಬರೂ ಒಟ್ಟಿಗೆ ಕೈ ಮುಗಿದೆವು.

ಮಕ್ಕಳು ತಟ್ಟೆ ಹಿಡಿದು ಸಾಲಾಗಿ ನಿಂತಾಗಿತ್ತು. ತಾನು ರುಚಿ ನೋಡಿದ್ದರೂ ಅವಳಿಗೆ ಧೈರ್ಯ ಬರಲಿಲ್ಲ. ಸೌಟಿನಲ್ಲಿ ಒಂದಿಷ್ಟು ತಂದು ನನ್ನ ಅಂಗೈಗೆ ಸುರಿದು, "ಅಕ್ಕ, ನೀವೊಂದ್ ಸಲ ನೋಡಿ" ಎಂದಳು. ಬಡಿಸುವ ಮುಂಚೆ ನಾನು ಬಾಯಿಗೆ ಇಟ್ಟಿದ್ದು ನನ್ನ ಜನ್ಮದಲ್ಲಿ ಇದೇ ಮೊದಲು. ಬಿಸಿ ಇತ್ತು, ಅಷ್ಟು ಗೊತ್ತಾಯಿತು. ಉಪ್ಪು, ಹುಳಿ, ಖಾರ ಯಾವುದೂ ಗೊತ್ತಾಗಲಿಲ್ಲ.

"ಸರಿಯಾಗೇ ಅದೆ. ಬಡ್ಸು" ಎಂದೆ.